ಹೊತ್ತು ಕಾಯುವ ಕಲ್ಲು

ಕಾಲವನ್ನು ಹಿಡಿದು ನಿಲ್ಲಿಸುವ, ಹಿಂದಕ್ಕೆಳೆಯುವ, ಮುಂದಕ್ಕೆ ನೂಕುವ ಯಂತ್ರಗಳ ಕಥೆ ಹೆಣೆಯುವವರು ಆ ಯಂತ್ರದ ಒಡಲಲ್ಲಿ ಒಂದು ಹರಳನ್ನು ಕೂರಿಸಲು ಮರೆಯುವುದಿಲ್ಲ. ನೀಲಿಯೋ ಹಸಿರೋ ಬೆಳಕು ಸೂಸುವ ಹರಳು. ಅದು ಅಲುಗಿದರೆ ಕಾಲ ಚೆದುರುತ್ತದೆ, ಸರಿಯಾಗಿ ಕೂತರೆ ಕಾಲ ಹದಕ್ಕೆ ಬರುತ್ತದೆ. 2016ರಲ್ಲಿ ಬಂದ ‘24’ ಎಂಬ ತಮಿಳು ಚಿತ್ರದಲ್ಲಂತೂ ಕಾಲವನ್ನು ಆಳುವ ಶಕ್ತಿ ಒಂದು ಕೈಗಡಿಯಾರಕ್ಕೇ ಇತ್ತು. ಈ ಕಲ್ಪನೆಯಲ್ಲಿ ಅರ್ಧ ನಿಜ. ಕಾಲವನ್ನು ಹದದಲ್ಲಿಡುವ ಹರಳು ಇದೆ, ನಿಮ್ಮ ಮನೆಯ ಗೋಡೆಯ ಮೇಲೂ ಇದೆ. ಕಾಲವನ್ನು ಬಗ್ಗಿಸುವುದು ಮಾತ್ರ ಅದರ ಕೈಯಲ್ಲಿಲ್ಲ. ಅದಕ್ಕೆ ಬೇರೆ ದಾರಿಯುಂಟು. ಚೆನ್ನೈಯಲ್ಲಿ ರೈಲು ಹತ್ತಿ ಬೆಂಗಳೂರಿನಲ್ಲಿ ಇಳಿಯುವ ಪ್ರತಿಯೊಬ್ಬರೂ ತಮಗೆ ತಿಳಿಯದೆಯೇ ಆ ದಾರಿಯಲ್ಲಿ ಒಂದಿಷ್ಟು ದೂರ ಹೋಗಿಬಂದಿರುತ್ತಾರೆ.

ಇದನ್ನೆಲ್ಲ ಚೆನ್ನೈಯಲ್ಲಿ ನಿಂತು ಹೇಳುವುದಕ್ಕೆ ಕಾರಣವಿದೆ. ಭಾರತದಲ್ಲಿ ಗಡಿಯಾರದ ಕಾಲ ಒಂದು ಶಿಸ್ತಿಗೆ ಬಂದದ್ದು ಈ ಊರಿನಲ್ಲಿ, ಒಂದು ಕಲ್ಲುಕಂಬದ ಬಳಿ. ನುಂಗಂಬಾಕ್ಕಂನ ಕಾಲೇಜು ರಸ್ತೆಯಲ್ಲಿ ಪ್ರಾದೇಶಿಕ ಹವಾಮಾನ ಕೇಂದ್ರವಿದೆ. ಬಂಗಾಳಕೊಲ್ಲಿಯಲ್ಲಿ ಚಂಡಮಾರುತ ಎದ್ದಾಗಲೆಲ್ಲ ಟಿವಿ ಸುದ್ದಿಯಲ್ಲಿ ಕೇಳಿಬರುವ ಹೆಸರು. ಅದರ ಆವರಣದೊಳಗೆ ಸುಮಾರು 10 ಟನ್ ತೂಕದ ಗ್ರಾನೈಟ್ ಕಂಬವೊಂದು ನಿಂತಿದೆ. ಅದರ ಮೈಮೇಲೆ ಲ್ಯಾಟಿನ್, ತಮಿಳು, ತೆಲುಗು ಮುಂತಾದ ಭಾಷೆಗಳ ಬರಹವಿದೆ. ಈಸ್ಟ್ ಇಂಡಿಯಾ ಕಂಪನಿಯ ಅಧಿಕಾರಿ ವಿಲಿಯಂ ಪೆಟ್ರಿ 1786ರಲ್ಲಿ ಎಗ್ಮೋರಿನಲ್ಲಿ ತನ್ನದೇ ಖರ್ಚಿನಿಂದ ಒಂದು ವೀಕ್ಷಣಾಲಯ ಕಟ್ಟಿಕೊಂಡಿದ್ದ. ಕಂಪನಿ ಅದನ್ನು ವಹಿಸಿಕೊಂಡಿತು. ಮೈಕೆಲ್ ಟಾಪಿಂಗ್ ರೂಪಿಸಿದ ಹೊಸ ಕಟ್ಟಡ 1792ರಲ್ಲಿ ನುಂಗಂಬಾಕ್ಕಂನಲ್ಲಿ ಎದ್ದಿತು. ನಕ್ಷತ್ರ ನೋಡುವ ದೂರದರ್ಶಕವನ್ನು ಈ ಕಂಬದ ತಲೆಯ ಮೇಲೆ ಕೂರಿಸಿದ್ದರು. ಕಟ್ಟಡ ನಡುಗಿದರೂ ಕಂಬ ನಡುಗಬಾರದು. ಅದಕ್ಕೇ ಅಷ್ಟು ತೂಕ.

ಆಗ ಕಾಲವನ್ನು ಅಳೆಯುತ್ತಿದ್ದುದು ಆಕಾಶದಿಂದ. ಗೊತ್ತಾದ ನಕ್ಷತ್ರವೊಂದು ನೆತ್ತಿಗೆರೆಯನ್ನು ದಾಟುವ ಕ್ಷಣವನ್ನು ದೂರದರ್ಶಕದಲ್ಲಿ ಹಿಡಿಯಬೇಕು, ಆ ಕ್ಷಣಕ್ಕೆ ಗಡಿಯಾರವನ್ನು ಸರಿಹೊಂದಿಸಬೇಕು. ಮರುದಿನ ಅದೇ ನಕ್ಷತ್ರ ಮತ್ತೆ ಬರುವ ತನಕ ಆ ಕ್ಷಣವನ್ನು ಕೆಡದಂತೆ ಹೊತ್ತು ತರುವುದಷ್ಟೇ ಗಡಿಯಾರದ ಪಾಲಿನ ಕೆಲಸ. ಕೇಳಲು ಸುಲಭ. ಮದ್ರಾಸಿನ ಸೆಕೆಯಲ್ಲಿ ಇದಕ್ಕಿಂತ ಕಷ್ಟದ ಕೆಲಸ ಬೇರೆ ಇರಲಿಲ್ಲ.

1802ರಲ್ಲಿ ಕಂಪನಿಯ ಖಗೋಳಜ್ಞ ಜಾನ್ ಗೋಲ್ಡಿಂಗ್‌ಹ್ಯಾಮ್ ಮದ್ರಾಸಿನ ಹೊತ್ತು ಗ್ರೀನಿಚ್‌ಗಿಂತ 5 ಗಂಟೆ 21 ನಿಮಿಷ 14 ಸೆಕೆಂಡು ಮುಂದಿದೆ ಎಂದು ಗೊತ್ತುಮಾಡಿದ. ಗುರುಗ್ರಹದ ಉಪಗ್ರಹಗಳು ನೆರಳಿಗೆ ಸರಿಯುವ ಹೊತ್ತನ್ನು ನೋಡಿ ತೆಗೆದ ಲೆಕ್ಕ ಅದು. ರೇಖಾಂಶದಲ್ಲಿ ಹೇಳಿದರೆ 80 ಡಿಗ್ರಿ 18 ಮಿನಿಟು 30 ಸೆಕೆಂಡು. ಈಗ ಕಂಬದ ಬಳಿ ಬರೆದಿರುವ ಅಂಕಿ 80 ಡಿಗ್ರಿ 14 ಮಿನಿಟು 54 ಸೆಕೆಂಡು. ವ್ಯತ್ಯಾಸವನ್ನು ಕಾಲಕ್ಕೆ ತಿರುಗಿಸಿದರೆ ಕೇವಲ 14 ಸೆಕೆಂಡು ಚಿಲ್ಲರೆ. ನೆಲದ ಮೇಲೆ ಹಾಸಿದರೆ ಅದು ಆರೂವರೆ ಕಿಲೋಮೀಟರು. ಗೋಲ್ಡಿಂಗ್‌ಹ್ಯಾಮನ ಅಂಕಿಯನ್ನು ಇಂದಿನ ನಕ್ಷೆಯ ಮೇಲಿಟ್ಟರೆ ನುಂಗಂಬಾಕ್ಕಂನ ವೀಕ್ಷಣಾಲಯ ಬಂಗಾಳಕೊಲ್ಲಿಯ ನೀರಿನಲ್ಲಿ ಹೋಗಿ ನಿಲ್ಲುತ್ತದೆ. ಕಾಲದಲ್ಲಿ ಒಂದು ಸೆಕೆಂಡು ತಪ್ಪಿದರೆ ಈ ಅಕ್ಷಾಂಶದಲ್ಲಿ ಜಾಗ 450 ಮೀಟರು ತಪ್ಪುತ್ತದೆ. ಸೆಕೆಂಡಿಗೆ ಇಷ್ಟು ಬೆಲೆ ಏಕೆ ಎಂದು ಕೇಳುವವರಿಗೆ ಉತ್ತರ ಇದು. ಇದೇ 1802ರಲ್ಲಿ ವಿಲಿಯಂ ಲ್ಯಾಂಬ್ಟನ್ ಸೇಂಟ್ ಥಾಮಸ್ ಮೌಂಟ್ ಬಳಿ ಸರಪಳಿ ಹಾಸಿ ಭಾರತದ ಮಹಾ ತ್ರಿಕೋನ ಸರ್ವೆಯನ್ನು ಆರಂಭಿಸಿದ. ಅಲ್ಲಿಂದ ತ್ರಿಕೋನಗಳ ಸಾಲು ಬೆಂಗಳೂರನ್ನು ಹಾದು ಮಂಗಳೂರಿನ ಕಡಲವರೆಗೆ ನಡೆಯಿತು. ನಮ್ಮ ಕರಾವಳಿಯ ರೇಖಾಂಶಗಳು ಹೀಗೆ ಮದ್ರಾಸಿನ ಆ ಕಂಬಕ್ಕೆ ಕಟ್ಟಿಕೊಂಡಿದ್ದವು.

ವೀಕ್ಷಣಾಲಯದ ಹೊತ್ತನ್ನು ಊರಿಗೆ ಹಂಚುತ್ತಿದ್ದುದು ತೋಪಿನ ಸದ್ದು. ಸೇಂಟ್ ಜಾರ್ಜ್ ಕೋಟೆಯಲ್ಲಿ ರಾತ್ರಿ 8 ಗಂಟೆಗೆ ತೋಪು ಹಾರುತ್ತಿತ್ತು. ಸದ್ದಿಗೆ ಒಂದು ಕಿಲೋಮೀಟರು ದಾಟಲು ಸುಮಾರು 3 ಸೆಕೆಂಡು ಬೇಕು, ಆದ್ದರಿಂದ ಕೋಟೆಯಿಂದ ದೂರ ಇದ್ದವರ 8 ಗಂಟೆ ಅಷ್ಟಷ್ಟು ತಡ. ಗೋಲ್ಡಿಂಗ್‌ಹ್ಯಾಮ್ ಇದನ್ನೂ ಬಿಡಲಿಲ್ಲ. ಕೋಟೆಯಲ್ಲೂ ಸೇಂಟ್ ಥಾಮಸ್ ಮೌಂಟಿನಲ್ಲೂ ಹಾರಿಸಿದ ತೋಪುಗಳ ಮಿಂಚನ್ನು ಕಣ್ಣಿನಲ್ಲಿ, ಸದ್ದನ್ನು ಕಿವಿಯಲ್ಲಿ ಹಿಡಿದು, ನಡುವಿನ ಅಂತರವನ್ನು ಅಳೆದು, ಮದ್ರಾಸಿನ ಗಾಳಿಯಲ್ಲಿ ಸದ್ದಿನ ವೇಗ ಎಷ್ಟೆಂದು 1823ರಲ್ಲಿ ಪ್ರಕಟಿಸಿದ.

ಇದೇ ವೀಕ್ಷಣಾಲಯದಲ್ಲಿ ಮುಂದೆ ಕೆಲಸ ಮಾಡಿದ ಚಿಂತಾಮಣಿ ರಘುನಾಥಾಚಾರ್ಯರನ್ನು ಕನ್ನಡದ ಓದುಗರು ವಿಶೇಷವಾಗಿ ನೆನೆಯಬೇಕು. ಮುಖ್ಯ ಖಗೋಳಜ್ಞ ನಾರ್ಮನ್ ಪಾಗ್ಸನ್ನನ ಕೈಕೆಳಗೆ ನಕ್ಷತ್ರಗಳ ಹೊತ್ತು ಹಿಡಿಯುತ್ತಿದ್ದ ಅವರು 1867ರಲ್ಲಿ ಬೆಳಕು ಏರಿಳಿಯುವ ನಕ್ಷತ್ರವೊಂದನ್ನು ಕಂಡುಹಿಡಿದರು. ಆರ್ ರೆಟಿಕ್ಯುಲಿ ಎಂದು ಅದರ ಹೆಸರು. 1874ರ ಡಿಸೆಂಬರಿನಲ್ಲಿ ಶುಕ್ರಗ್ರಹ ಸೂರ್ಯನ ಮುಖದ ಮೇಲೆ ಹಾದುಹೋಗುವುದಿತ್ತು. ಅದನ್ನು ಜನ ತಿಳಿದು ನೋಡಲಿ ಎಂದು ಆಚಾರ್ಯರು ಕಿರುಪುಸ್ತಕ ಬರೆದರು. ಅದು ಕನ್ನಡದಲ್ಲೂ ಪ್ರಕಟವಾಯಿತು. ನಮ್ಮ ಭಾಷೆಯ ಜನಪ್ರಿಯ ವಿಜ್ಞಾನ ಸಾಹಿತ್ಯದ ಚರಿತ್ರೆ ಬರೆಯುವಾಗ ಮದ್ರಾಸಿನ ಈ ಪುಸ್ತಕಕ್ಕೆ ಮೊದಲ ಪುಟಗಳಲ್ಲೇ ಜಾಗ ಸಲ್ಲಬೇಕು.

ತಂತಿ ಬಂದ ಮೇಲೆ ಮದ್ರಾಸಿನ ಹೊತ್ತು ತೋಪಿನ ಸದ್ದಿಗಿಂತ ಬಹುದೂರ ಹೋಯಿತು. ಬೊಂಬಾಯಿಯದೂ ಕಲಕತ್ತೆಯದೂ ಅಲ್ಲದ, ಎರಡಕ್ಕೂ ನಡುವಿನ ಹೊತ್ತು ಎಂದು ರೈಲ್ವೆಗಳು ಮದ್ರಾಸ್ ಟೈಮನ್ನು ಒಪ್ಪಿಕೊಂಡವು. ಸೂರ್ಯನ ಲೆಕ್ಕದಲ್ಲಿ ಚೆನ್ನೈಗಿಂತ ಬೆಂಗಳೂರು ಸುಮಾರು 11 ನಿಮಿಷ ಹಿಂದೆ, ಮಂಗಳೂರು ಸುಮಾರು 22 ನಿಮಿಷ ಹಿಂದೆ. ಊರಿನ ಹೊತ್ತೇ ಬೇರೆ, ರೈಲಿನ ಹೊತ್ತೇ ಬೇರೆ. 1906ರಲ್ಲಿ ಈಗಿನ ಭಾರತೀಯ ಕಾಲಮಾನ ಜಾರಿಗೆ ಬಂದು ಮದ್ರಾಸ್ ಟೈಮ್ ಸುಮಾರು 9 ನಿಮಿಷ ಮುಂದಕ್ಕೆ ಜಿಗಿಯಿತು. ಅದಕ್ಕೆ ಮುನ್ನವೇ, 1899ರಲ್ಲಿ, ಖಗೋಳದ ಕೆಲಸ ಕೊಡೈಕೆನಾಲಿನ ಬೆಟ್ಟಕ್ಕೆ ಹೋಗಿಯಾಗಿತ್ತು. ಮದ್ರಾಸಿನಲ್ಲಿ ದುಡಿದ ಜಾನ್ ಶೆಲ್ಟನ್ ತಯಾರಿಕೆಯ ಲೋಲಕದ ಗಡಿಯಾರ ಅಲ್ಲಿ ಇನ್ನೂ ಇದೆ. ಕ್ಯಾಪ್ಟನ್ ಕುಕ್ ತನ್ನ ಕಡಲಯಾನದಲ್ಲಿ ಒಯ್ದದ್ದೂ ಅದೇ ಬಗೆಯ ಗಡಿಯಾರ.

ಲೋಲಕಕ್ಕೆ ಮದ್ರಾಸು ಏಕೆ ಕಷ್ಟದ ಊರು? ಮೊದಲನೆಯದಾಗಿ, ಲೋಲಕವನ್ನು ತೂಗುವುದು ಭೂಮಿಯ ಸೆಳೆತ, ಅದು ಎಲ್ಲ ಕಡೆ ಒಂದೇ ಅಲ್ಲ. ಭೂಮಧ್ಯರೇಖೆಯ ಕಡೆ ಬಂದಂತೆ ಸೆಳೆತ ತುಸು ಸಡಿಲ. ಲಂಡನ್ನಿನಲ್ಲಿ ಸರಿಯಾಗಿ ಹೊಂದಿಸಿದ ಗಡಿಯಾರವನ್ನು ಹಾಗೆಯೇ ತಂದು ಮದ್ರಾಸಿನಲ್ಲಿ ನಿಲ್ಲಿಸಿದರೆ ದಿನಕ್ಕೆ 2 ನಿಮಿಷಕ್ಕೂ ಹೆಚ್ಚು ಹಿಂದೆ ಬೀಳುತ್ತದೆ. ಅದನ್ನು ಸರಿಪಡಿಸಲು ಲೋಲಕವನ್ನು 3 ಮಿಲಿಮೀಟರಿನಷ್ಟು ಗಿಡ್ಡ ಮಾಡಬೇಕು. ಇದನ್ನೊಮ್ಮೆ ಮಾಡಿದರೆ ಮುಗಿಯಿತು. ಎರಡನೆಯದು ಮುಗಿಯದ ಕಾಟ: ಬಿಸಿಲು. ಲೋಲಕದ ಸರಳು ಕಬ್ಬಿಣದ್ದಾದರೆ ಒಂದೊಂದು ಡಿಗ್ರಿ ಸೆಕೆ ಏರಿದಾಗಲೂ ಅದು ಹಿಗ್ಗಿ, ಗಡಿಯಾರ ದಿನಕ್ಕೆ ಅರ್ಧ ಸೆಕೆಂಡು ನಿಧಾನವಾಗುತ್ತದೆ. ಜನವರಿಯಿಂದ ಮೇ ತಿಂಗಳಿಗೆ 10 ಡಿಗ್ರಿ ಏರಿದರೆ ದಿನಕ್ಕೆ 5 ಸೆಕೆಂಡು. ಎರಡು ಬಗೆಯ ಲೋಹದ ಸರಳುಗಳನ್ನು ಒಟ್ಟಿಗೆ ಹೆಣೆದು, ಒಂದರ ಹಿಗ್ಗನ್ನು ಇನ್ನೊಂದರಿಂದ ಹೊಡೆದುಹಾಕುವ ಉಪಾಯವನ್ನು ಗಡಿಯಾರದವರು ಕಂಡುಕೊಂಡಿದ್ದರು. ಅದು ಬಹಳ ಜಾಣ ಉಪಾಯ, ಆದರೂ ಪೂರ್ತಿ ಪರಿಹಾರವಲ್ಲ. ಸೆಳೆತಕ್ಕೆ ಮಣಿಯದ, ಸೆಕೆಗೆ ಜಗ್ಗದ, ತನ್ನ ಪಾಡಿಗೆ ತಾನು ಮಿಡಿಯುವ ವಸ್ತುವೊಂದು ಬೇಕಿತ್ತು.

ಅಂಥ ವಸ್ತು ನಮ್ಮ ಹೊಲಗದ್ದೆಗಳಲ್ಲೇ ಬಿದ್ದಿತ್ತು. ಬೆಣಚುಕಲ್ಲು. ಮಕ್ಕಳು ಎರಡು ಬಿಳಿಕಲ್ಲು ಹೆಕ್ಕಿ, ಕತ್ತಲಲ್ಲಿ ಒಂದಕ್ಕೊಂದು ಉಜ್ಜಿ ಮಿಂಚು ನೋಡುತ್ತಾರಲ್ಲ, ಅದೇ ಕಲ್ಲು. ವಿಜ್ಞಾನದಲ್ಲಿ ಕ್ವಾರ್ಟ್ಸ್. ಸಿಲಿಕಾನ್ ಮತ್ತು ಆಮ್ಲಜನಕದ ಪರಮಾಣುಗಳು ಸುರುಳಿ ಮೆಟ್ಟಿಲಿನ ಕ್ರಮದಲ್ಲಿ ಕೂಡಿಕೊಂಡ ಹರಳು. ಈ ಜೋಡಣೆಗೆ ನಡುಬಿಂದುವಿನ ಸಮತೆ ಇಲ್ಲ. ಹಾಗಾಗಿ ಹರಳನ್ನು ತಕ್ಕ ದಿಕ್ಕಿನಲ್ಲಿ ಒತ್ತಿದರೆ ಒಳಗಿನ ಧನ ಮತ್ತು ಋಣ ವಿದ್ಯುದಂಶಗಳು ಒಂದರಿಂದ ಒಂದು ತುಸು ಸರಿದು, ಹೊರಮೈಯಲ್ಲಿ ವಿದ್ಯುತ್ ಕಾಣಿಸಿಕೊಳ್ಳುತ್ತದೆ. 1880ರಲ್ಲಿ ಪ್ಯಾರಿಸ್ಸಿನಲ್ಲಿ ಜಾಕ್ ಮತ್ತು ಪಿಯರ್ ಕ್ಯೂರಿ ಎಂಬ ಅಣ್ಣತಮ್ಮಂದಿರು ಇದನ್ನು ಕಂಡರು. ಮರುವರ್ಷ ಗೇಬ್ರಿಯಲ್ ಲಿಪ್‌ಮನ್ ಗಣಿತದ ಬಲದಿಂದ ಹೇಳಿದ: ಒತ್ತಿದರೆ ವಿದ್ಯುತ್ ಹುಟ್ಟುವುದಾದರೆ, ವಿದ್ಯುತ್ ಕೊಟ್ಟರೆ ಹರಳು ಬಾಗಲೇಬೇಕು. ಕ್ಯೂರಿ ಸೋದರರು ಪರೀಕ್ಷಿಸಿದರು, ಬಾಗಿತು.

ಬಾಗಿದ ಹರಳು ಸುಮ್ಮನಿರುವುದಿಲ್ಲ. ಸ್ಥಿತಿಸ್ಥಾಪಕ ವಸ್ತುವಾದ್ದರಿಂದ ಹಿಂದಕ್ಕೆ ಚಿಮ್ಮುತ್ತದೆ, ಆಚೆ ಬದಿಗೆ ಬಾಗುತ್ತದೆ, ಮತ್ತೆ ಚಿಮ್ಮುತ್ತದೆ. ಎಷ್ಟು ಬೇಗ ಚಿಮ್ಮಬೇಕೆಂಬುದನ್ನು ಹರಳಿನ ಗಾತ್ರ, ಆಕಾರ, ಕತ್ತರಿಸಿದ ದಿಕ್ಕು ಇವೇ ನಿರ್ಧರಿಸುತ್ತವೆ. ಪ್ರತಿ ಚಿಮ್ಮಿಗೂ ಅದರ ಮೈಮೇಲೆ ಸಣ್ಣದೊಂದು ವಿದ್ಯುತ್ ಅಲೆ ಏಳುತ್ತದೆ. ಆ ಅಲೆಯನ್ನು ಹಿಗ್ಗಿಸಿ ಸರಿಯಾದ ಘಳಿಗೆಯಲ್ಲಿ ಹರಳಿಗೇ ಹಿಂದಿರುಗಿಸಿದರೆ ಕಂಪನ ನಿಲ್ಲದೆ ನಡೆಯುತ್ತದೆ. ಉಯ್ಯಾಲೆ ತೂಗುವ ತಾಯಿ ಮಾಡುವುದೂ ಇದನ್ನೇ. ಉಯ್ಯಾಲೆ ತನ್ನತ್ತ ಬಂದು ತಿರುಗುವ ಕ್ಷಣದಲ್ಲಿ ಒಂದು ಹಗುರ ತಳ್ಳು, ಲಯ ಮಾತ್ರ ಉಯ್ಯಾಲೆಯದೇ. 1920ರ ದಶಕದ ಆರಂಭದಲ್ಲಿ ಅಮೆರಿಕದ ವಾಲ್ಟರ್ ಕೇಡಿ ಇಂಥ ಮಂಡಲವನ್ನು ಮಾಡಿ ತೋರಿಸಿದ. 1927ರಲ್ಲಿ ಬೆಲ್ ಪ್ರಯೋಗಾಲಯದ ವಾರೆನ್ ಮ್ಯಾರಿಸನ್ ಮತ್ತು ಜೋಸೆಫ್ ಹಾರ್ಟನ್ ಅದರಿಂದ ಗಡಿಯಾರ ಓಡಿಸಿದರು.

ಹತ್ತು ವರ್ಷ ಕಳೆಯುವುದರೊಳಗೆ ಆ ಕಲ್ಲು ಮನುಷ್ಯ ಬಹುಕಾಲ ಅನುಮಾನಿಸದಿದ್ದ ಗಡಿಯಾರದ ತಪ್ಪನ್ನೇ ಹಿಡಿಯಿತು. 1930ರ ದಶಕದಲ್ಲಿ ಬರ್ಲಿನ್ನಿನ ಅಡಾಲ್ಫ್ ಶೈಬ ಮತ್ತು ಉಡೊ ಆಡೆಲ್ಸ್‌ಬರ್ಗರ್ ತಮ್ಮ ಕ್ವಾರ್ಟ್ಸ್ ಗಡಿಯಾರಗಳನ್ನು ನಕ್ಷತ್ರಗಳ ಹೊತ್ತಿನೊಂದಿಗೆ ಹೋಲಿಸಿದಾಗ, ಹರಳುಗಳು ಪರಸ್ಪರ ಒಪ್ಪುತ್ತಿದ್ದವು, ಭೂಮಿ ಒಪ್ಪುತ್ತಿರಲಿಲ್ಲ. ಭೂಮಿ ವರ್ಷದ ಒಂದು ಭಾಗದಲ್ಲಿ ತುಸು ಬೇಗ, ಇನ್ನೊಂದು ಭಾಗದಲ್ಲಿ ತುಸು ನಿಧಾನ ತಿರುಗುತ್ತದೆ. ಗಾಳಿಯ ಬೀಸು ಋತುವಿಗೆ ತಕ್ಕಂತೆ ಬದಲಾಗುವುದು ಇದಕ್ಕೆ ಮುಖ್ಯ ಕಾರಣ. ನುಂಗಂಬಾಕ್ಕಂನ ಕಂಬದಿಂದ ಹಿಡಿದು ಜಗತ್ತಿನ ಎಲ್ಲ ವೀಕ್ಷಣಾಲಯಗಳೂ ಯಾವುದನ್ನು ಅಂತಿಮ ಪ್ರಮಾಣವೆಂದು ನಂಬಿದ್ದವೋ ಅದೇ ಅಲುಗುತ್ತಿತ್ತು. ಅಂಗೈಯಗಲದ ಕಲ್ಲೊಂದು ಭೂಮಂಡಲಕ್ಕಿಂತ ಸ್ಥಿರ! ಕಾಲವನ್ನು ಹದದಲ್ಲಿಡುವ ಹರಳು ಎಂಬ ಕಲ್ಪನೆ ಇದಕ್ಕಿಂತ ಮುಂದೆ ಹೋಗಬೇಕಾದ ಅಗತ್ಯ ನನಗೆ ಕಾಣುವುದಿಲ್ಲ.

ಒಳ್ಳೆಯ ಹರಳು ಎಲ್ಲಿಂದ ಬರಬೇಕು? ಎರಡನೇ ಮಹಾಯುದ್ಧದ ವೇಳೆಗೆ ಮಿಲಿಟರಿ ರೇಡಿಯೊಗಳಿಗೆ ಕ್ವಾರ್ಟ್ಸ್ ಬೇಕಾಗಿ, ಬ್ರೆಜಿಲ್ಲಿನ ಗಣಿಗಳಿಗೆ ಬೇಡಿಕೆ ಮುಗಿಬಿತ್ತು. ಕರಗಿಸಿ ತಣಿಸಿ ಮಾಡಿಕೊಳ್ಳೋಣವೆಂದರೆ ಕ್ವಾರ್ಟ್ಸ್ ಅದಕ್ಕೆ ಒಗ್ಗುವುದಿಲ್ಲ, ಗಾಜಾಗಿಬಿಡುತ್ತದೆ. ಇನ್ನೊಂದು ತೊಡಕು 573 ಡಿಗ್ರಿ ಸೆಲ್ಸಿಯಸ್‌ನಲ್ಲಿದೆ. ಆ ಬಿಸಿಯಲ್ಲಿ ಹರಳಿನ ಒಳಜೋಡಣೆಯೇ ಬದಲಾಗಿ ಅದು ಬೇರೆ ಬಗೆಯ ಕ್ವಾರ್ಟ್ಸ್ ಆಗುತ್ತದೆ. ಈ ಬದಲಾವಣೆಯ ಒಳಗುಟ್ಟನ್ನು ಮೊದಲು ಕಂಡದ್ದು ಬೆಂಗಳೂರಿನಲ್ಲಿ. ಮದ್ರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಓದಿ, ಅಲ್ಲಿಂದಲೇ 1906ರಲ್ಲಿ ಮೊದಲ ಸಂಶೋಧನ ಲೇಖನ ಪ್ರಕಟಿಸಿದ್ದ ಸಿ.ವಿ. ರಾಮನ್, 1940ರಲ್ಲಿ ಭಾರತೀಯ ವಿಜ್ಞಾನ ಮಂದಿರದಲ್ಲಿ ಟಿ.ಎಂ.ಕೆ. ನೆಡುಂಗಾಡಿಯವರ ಜೊತೆ ಕ್ವಾರ್ಟ್ಸನ್ನು ಕಾಯಿಸುತ್ತ ಅದರಿಂದ ಚೆದುರಿ ಬರುವ ಬೆಳಕನ್ನು ಪರೀಕ್ಷಿಸಿದರು. ಹರಳಿನ ಒಳಗೆ ನಡೆಯುವ ಹಲವು ಕಂಪನಗಳ ಪೈಕಿ ಒಂದು, ಬಿಸಿ 573ರ ಹತ್ತಿರ ಹೋದಂತೆ, ಸಡಿಲಗೊಳ್ಳುತ್ತ ಕುಸಿಯುತ್ತಿತ್ತು. ಆ ಕಂಪನ ಸೋತಾಗ ಹರಳು ತನ್ನ ರೂಪ ಬದಲಿಸುತ್ತದೆ. ‘ಮೆದು ಕಂಪನ’ ಎಂಬ ಸಿದ್ಧಾಂತ ಭೌತವಿಜ್ಞಾನದಲ್ಲಿ ನೆಲೆಯೂರಲು ಇನ್ನೂ ಇಪ್ಪತ್ತು ವರ್ಷ ಹಿಡಿಯಿತು. ಅದರ ಮೊದಲ ಸ್ಪಷ್ಟ ಸಾಕ್ಷಿಗಳಲ್ಲಿ ಬೆಂಗಳೂರಿನ ಈ ಪ್ರಯೋಗವೂ ಒಂದು. ರಾಮನ್ ಎಂದರೆ 1928ರ ಶೋಧ, ನೊಬೆಲ್ ಎಂದಷ್ಟೇ ಶಾಲೆಗಳಲ್ಲಿ ಹೇಳಿ ನಿಲ್ಲಿಸುತ್ತೇವೆ. ಹರಳುಗಳ ಮೇಲೆ ಅವರು ದಶಕಗಳ ಕಾಲ ಮಾಡಿದ ಕೆಲಸ ನಮ್ಮ ಮಕ್ಕಳಿಗೆ ಗೊತ್ತೇ ಇಲ್ಲ. ಇದು ನಷ್ಟ.

ಹಾಗಾಗಿ ಕಾರ್ಖಾನೆಯಲ್ಲಿ ಕ್ವಾರ್ಟ್ಸನ್ನು 573 ಡಿಗ್ರಿಗಿಂತ ಸಾಕಷ್ಟು ಕೆಳಗೇ ಬೆಳೆಸಬೇಕು. ದಪ್ಪ ಉಕ್ಕಿನ ಕೊಳವೆಯೊಂದರ ತಳದಲ್ಲಿ ಕ್ವಾರ್ಟ್ಸ್ ಚೂರುಗಳನ್ನು ತುಂಬಿ, ಕ್ಷಾರ ಬೆರೆಸಿದ ನೀರು ಹುಯ್ದು, ಮೇಲುಭಾಗದಲ್ಲಿ ತೆಳ್ಳಗಿನ ಬೀಜಹರಳುಗಳನ್ನು ತೂಗುಹಾಕುತ್ತಾರೆ. ಮುಚ್ಚಿ, 350 ಡಿಗ್ರಿಯ ಆಸುಪಾಸಿಗೆ ಕಾಯಿಸಿ, ವಾಯುಮಂಡಲಕ್ಕಿಂತ ಸಾವಿರ ಪಟ್ಟಿಗೂ ಮಿಕ್ಕ ಒತ್ತಡದಲ್ಲಿ ಬಿಡುತ್ತಾರೆ. ಕೆಳಗೆ ಕರಗಿದ್ದು ಮೇಲೆ ಬಂದು, ಬೀಜದ ಮೇಲೆ ಪದರ ಪದರವಾಗಿ ಕೂರುತ್ತದೆ. ದಿನಕ್ಕೆ ಒಂದು ಮಿಲಿಮೀಟರು ಬೆಳೆದರೆ ದೊಡ್ಡದು. ವಾರಗಟ್ಟಲೆ ಕಾಯಬೇಕು. ಹರಳು ಬೆಳೆಸುವುದು ತಾಳ್ಮೆಯ ವಿದ್ಯೆ. ಚೆನ್ನೈಯ ಗಿಂಡಿಯಲ್ಲಿ ಅಣ್ಣಾ ವಿಶ್ವವಿದ್ಯಾಲಯ ಈ ವಿದ್ಯೆಗಾಗಿಯೇ ಒಂದು ಪ್ರತ್ಯೇಕ ಕೇಂದ್ರವನ್ನು ನಡೆಸುತ್ತಿದೆ.

1969ರ ಕ್ರಿಸ್ಮಸ್ ದಿನ ಜಪಾನಿನ ಸೈಕೋ ಕಂಪನಿ ಆಸ್ಟ್ರಾನ್ ಎಂಬ ಕೈಗಡಿಯಾರವನ್ನು ಮಾರಾಟಕ್ಕಿಟ್ಟಿತು. ಒಳಗೆ ಸೆಕೆಂಡಿಗೆ 8,192 ಸಲ ಮಿಡಿಯುವ ಹರಳು. ಬೆಲೆ 4,50,000 ಯೆನ್, ಆಗ ಒಂದು ಸಣ್ಣ ಕಾರಿನ ಬೆಲೆ. ಇಂದಿನ ಗಡಿಯಾರಗಳಲ್ಲಿ ಇರುವುದು ಶ್ರುತಿಕವೆಯ ಆಕಾರದಲ್ಲಿ ಕೊರೆದ, ಮೂರು ಮಿಲಿಮೀಟರಿನ ಆಸುಪಾಸಿನ ಹರಳು. ಗಾಳಿ ತೆಗೆದ ಪುಟ್ಟ ಡಬ್ಬಿಯಲ್ಲಿ ಕೂತು ಸೆಕೆಂಡಿಗೆ 32,768 ಸಲ ಮಿಡಿಯುತ್ತದೆ. ಇಷ್ಟೊಂದು ಅಡ್ಡಾದಿಡ್ಡಿ ಸಂಖ್ಯೆ ಏಕೆ? ಅದನ್ನು ಎರಡರಿಂದ ಭಾಗಿಸಿ, ಬಂದದ್ದನ್ನು ಮತ್ತೆ ಭಾಗಿಸಿ, ಹೀಗೆ 15 ಸಲ ಮಾಡಿದರೆ ಸರಿಯಾಗಿ ಒಂದು ಉಳಿಯುತ್ತದೆ. ಸೆಕೆಂಡಿಗೆ ಒಂದು ಮಿಡಿತ. ಅದು ಮುಳ್ಳನ್ನು ಒಂದು ಹೆಜ್ಜೆ ಸರಿಸುತ್ತದೆ. ಎರಡರಿಂದ ಭಾಗಿಸುವುದು ವಿದ್ಯುನ್ಮಾನ ಮಂಡಲಕ್ಕೆ ಅತಿ ಸುಲಭದ ಕೆಲಸ. ಮೇಲಾಗಿ 32,768 ನಮ್ಮ ಕಿವಿಗೆ ಕೇಳದಷ್ಟು ಮೇಲಿದೆ, ಬ್ಯಾಟರಿ ಬೇಗ ಮುಗಿಯದಷ್ಟು ಕೆಳಗಿದೆ.

ನಮ್ಮಲ್ಲಿ ಕೈಗಡಿಯಾರ ಎಂದರೆ ಬಹುಕಾಲ ಎಚ್‌ಎಂಟಿ. 1961ರಲ್ಲಿ ಜಪಾನಿನ ಸಿಟಿಜನ್ ಕಂಪನಿಯ ನೆರವಿನಿಂದ ಬೆಂಗಳೂರಿನಲ್ಲಿ ಶುರುವಾದ ಆ ಕಾರ್ಖಾನೆ ಹೆಸರು ಮಾಡಿದ್ದು ಕೀಲಿ ಕೊಡುವ ಗಡಿಯಾರಗಳಿಂದ. 1984ರಲ್ಲಿ ಟಾಟಾ ಸಮೂಹ ಮತ್ತು ತಮಿಳುನಾಡು ಕೈಗಾರಿಕಾ ಅಭಿವೃದ್ಧಿ ನಿಗಮ ಸೇರಿ ಟೈಟಾನ್ ಕಟ್ಟಿದವು. ಕಾರ್ಖಾನೆಗೆ ಆರಿಸಿದ್ದು ಕನ್ನಡ, ತಮಿಳು, ತೆಲುಗು ಮೂರೂ ಬೀದಿಯಲ್ಲಿ ಕೇಳಿಬರುವ ಗಡಿಯೂರು ಹೊಸೂರನ್ನು. ಟೈಟಾನ್ ಪಟ್ಟುಹಿಡಿದದ್ದು ಕ್ವಾರ್ಟ್ಸ್ ಮೇಲೆ. 2002ರಲ್ಲಿ ಅಲ್ಲಿನ ಎಂಜಿನಿಯರುಗಳು 3.5 ಮಿಲಿಮೀಟರು ದಪ್ಪದ ಎಡ್ಜ್ ಗಡಿಯಾರವನ್ನು ಹೊರತಂದರು. ಒಳಗಿನ ಯಂತ್ರದ ದಪ್ಪ 1.15 ಮಿಲಿಮೀಟರು. ಬೆಂಗಳೂರಿನಿಂದ ಹೊಸೂರಿಗೆ 40 ಕಿಲೋಮೀಟರು. ಲೋಲಕದಿಂದ ಹರಳಿಗೆ ಮನುಷ್ಯಕುಲ ದಾಟಿದ ದೂರದ ಕೊನೆಯ ತುಂಡನ್ನು ದಕ್ಷಿಣ ಭಾರತ ಈ ಒಂದೇ ರಸ್ತೆಯಲ್ಲಿ ದಾಟಿತು.

ಇಷ್ಟು ಹೇಳಿದ ಮೇಲೆ ಹರಳಿನ ದೌರ್ಬಲ್ಯವನ್ನೂ ಹೇಳಬೇಕು. ಭೂಮಿಯ ಸೆಳೆತ ಅದಕ್ಕೆ ಲೆಕ್ಕಕ್ಕಿಲ್ಲ. ಲಂಡನ್ನಿನಿಂದ ಚೆನ್ನೈಗೆ ತಂದರೂ ಹಾಗೆಯೇ ನಡೆಯುತ್ತದೆ. ಸೆಕೆಯ ಮುಂದೆ ಮಾತ್ರ ಪೂರ್ತಿ ಗೆದ್ದಿಲ್ಲ. ಶ್ರುತಿಕವೆಯ ಹರಳು ಅತಿ ಚುರುಕಾಗಿ ಮಿಡಿಯುವುದು 25 ಡಿಗ್ರಿಯಲ್ಲಿ. ಅದಕ್ಕಿಂತ ಬಿಸಿಯಾದರೂ ನಿಧಾನ, ತಂಪಾದರೂ ನಿಧಾನ. ನಿಧಾನವಾಗುವುದು ವ್ಯತ್ಯಾಸದ ವರ್ಗಕ್ಕೆ ತಕ್ಕಂತೆ: 10 ಡಿಗ್ರಿ ದೂರ ಸರಿದರೆ ದಿನಕ್ಕೆ 0.3 ಸೆಕೆಂಡಿನಷ್ಟು, 20 ಡಿಗ್ರಿ ಸರಿದರೆ ಅದರ ನಾಲ್ಕರಷ್ಟು. ಕತ್ತರಿ ಬಿಸಿಲಿನ ತಿಂಗಳಲ್ಲಿ ಚೆನ್ನೈಯ ಕೋಣೆಯೊಂದು ಹಗಲಿರುಳೂ 35 ಡಿಗ್ರಿಯಲ್ಲೇ ಇದ್ದರೆ ಗೋಡೆಯ ಗಡಿಯಾರ ತಿಂಗಳಿಗೆ 9 ಸೆಕೆಂಡು ಸೋಲುತ್ತದೆ. ಕಬ್ಬಿಣದ ಲೋಲಕ ಅದೇ 10 ಡಿಗ್ರಿಗೆ ದಿನಕ್ಕೆ 5 ಸೆಕೆಂಡು ಸೋಲುತ್ತಿತ್ತು ಎಂಬುದನ್ನು ನೆನೆದರೆ ಗೆಲುವಿನ ಅಳತೆ ಗೊತ್ತಾಗುತ್ತದೆ. ಕೈಗಡಿಯಾರಕ್ಕೆ ಇನ್ನೊಂದು ಅನುಕೂಲ. ಮಣಿಕಟ್ಟಿನ ಮೈಬಿಸಿ ಅದನ್ನು 25ರಿಂದ ಬಹಳ ದೂರ ಹೋಗಗೊಡುವುದಿಲ್ಲ. ಮೊಬೈಲುಗಳಲ್ಲಿ ಬೇರೆ ಕೋನದಲ್ಲಿ ಕತ್ತರಿಸಿದ, ಸೆಕೆಗೆ ಇನ್ನೂ ಕಡಿಮೆ ಮಣಿಯುವ ಹರಳುಗಳಿರುತ್ತವೆ. ಸೀಸಿಯಂ ಪರಮಾಣು ಗಡಿಯಾರದೊಳಗೂ ಒಂದು ಕ್ವಾರ್ಟ್ಸ್ ಹರಳು ಮಿಡಿಯುತ್ತಲೇ ಇರುತ್ತದೆ. ಪರಮಾಣು ಅದನ್ನು ಆಗಾಗ ತಿದ್ದುತ್ತದೆ ಅಷ್ಟೆ.

ಇನ್ನು ಕಾಲವನ್ನು ಬಗ್ಗಿಸುವ ಮಾತು. ಕೆಲವು ವರ್ಷಗಳಿಂದ ‘ಕಾಲಸ್ಫಟಿಕ’ ಎಂಬ ಹೆಸರು ಸುದ್ದಿಯಲ್ಲಿದೆ. ಉಪ್ಪಿನ ಹರಳಿನಲ್ಲಿ ಪರಮಾಣುಗಳ ವಿನ್ಯಾಸ ಜಾಗದಲ್ಲಿ ಮತ್ತೆ ಮತ್ತೆ ಮರುಕಳಿಸುವಂತೆ, ಕಾಲದಲ್ಲಿ ತಾನಾಗಿ ಮರುಕಳಿಸುವ ವಸ್ತುಸ್ಥಿತಿ ಇರಬಹುದೇ ಎಂದು 2012ರಲ್ಲಿ ಫ್ರಾಂಕ್ ವಿಲ್ಚೆಕ್ ಕೇಳಿದರು. ಅವರು ಹೇಳಿದ ರೂಪದಲ್ಲಿ ಅದು ಅಸಾಧ್ಯವೆಂದು 2015ರಲ್ಲಿ ಜಪಾನಿನ ವತಾನಬೆ ಮತ್ತು ಓಶಿಕಾವ ಸಾಧಿಸಿದರು. ತುಸು ಬೇರೆ ರೂಪದಲ್ಲಿ ಅದು 2017ರಲ್ಲಿ ಕೈಗೂಡಿತು: ಮೇರಿಲ್ಯಾಂಡಿನಲ್ಲಿ ಯಿಟರ್ಬಿಯಂ ಅಯಾನುಗಳ ಸಾಲಿನಲ್ಲಿ, ಹಾರ್ವರ್ಡಿನಲ್ಲಿ ವಜ್ರದೊಳಗಿನ ಕಲ್ಮಶಗಳಲ್ಲಿ. ಹೊರಗಿನಿಂದ ನಿಯತವಾಗಿ ತಟ್ಟುತ್ತಿದ್ದರೆ ಈ ವ್ಯವಸ್ಥೆ ಎರಡು ತಟ್ಟಿಗೆ ಒಮ್ಮೆ ಓಗೊಡುತ್ತದೆ. ತಟ್ಟುವ ಕೈ ತುಸು ತಪ್ಪಿದರೂ ತನ್ನ ಲಯ ಬಿಡುವುದಿಲ್ಲ. 2024ರಲ್ಲಿ ಜರ್ಮನಿಯ ಡಾರ್ಟ್‌ಮುಂಡ್‌ನಲ್ಲಿ ಇನ್ನೊಂದು ಬಗೆಯ ಕಾಲಸ್ಫಟಿಕ 40 ನಿಮಿಷ ಬಾಳಿತು. ಬಹಳ ಚೆಲುವಾದ ಭೌತವಿಜ್ಞಾನ. ಆದರೆ ಇದರಿಂದ ಯಾರೂ ನಿನ್ನೆಗೆ ಹೋಗಲಾರರು. ಲಯವನ್ನು ಬಿಡದ ಹಟ, ಅದೇ ಇದರ ಗುಣ. ಅದು ಬೆಣಚುಕಲ್ಲಿನ ಗುಣವೂ ಹೌದು.

ಕಾಲ ನಿಜವಾಗಿ ಬಗ್ಗುವುದು ಐನ್‌ಸ್ಟೈನ್ ತೋರಿಸಿದ ದಾರಿಯಲ್ಲಿ. ನೆಲದಿಂದ ಎತ್ತರಕ್ಕೆ ಹೋದಂತೆ ಕಾಲ ಬೇಗ ಹರಿಯುತ್ತದೆ. ಚೆನ್ನೈ ಸಮುದ್ರಮಟ್ಟದಲ್ಲಿದೆ, ಬೆಂಗಳೂರು 900 ಮೀಟರು ಮೇಲಿದೆ. ಲೆಕ್ಕ ಹಾಕಿದರೆ ಬೆಂಗಳೂರಿನ ಗಡಿಯಾರ ಚೆನ್ನೈಯದಕ್ಕಿಂತ ವರ್ಷಕ್ಕೆ ಸುಮಾರು 3 ಮೈಕ್ರೊಸೆಕೆಂಡು, ಅಂದರೆ ಸೆಕೆಂಡಿನ ದಶಲಕ್ಷದ ಮೂರು ಭಾಗ, ಮುಂದೆ ಓಡಬೇಕು. ಇದು ಗಡಿಯಾರದ ದೋಷದಿಂದ ಬರುವ ಅಂತರವಲ್ಲ, ಕಾಲವೇ ಅಷ್ಟು ಬೇರೆ. ಕ್ವಾರ್ಟ್ಸ್ ಗಡಿಯಾರಕ್ಕೆ ಇದು ಕಾಣದು, ಒಳ್ಳೆಯ ಪರಮಾಣು ಗಡಿಯಾರಕ್ಕೆ ಕಾಣುತ್ತದೆ. ಜಿಪಿಎಸ್ ಉಪಗ್ರಹಗಳಲ್ಲಿ ಅವುಗಳ ವೇಗದ ಪರಿಣಾಮವೂ ಸೇರಿ ಕಾಲದ ಒಟ್ಟು ಅಂತರ ದಿನಕ್ಕೆ 38 ಮೈಕ್ರೊಸೆಕೆಂಡು. ತಿದ್ದದೆ ಬಿಟ್ಟರೆ ಒಂದೇ ದಿನದಲ್ಲಿ ನಕ್ಷೆ 10 ಕಿಲೋಮೀಟರಿನಷ್ಟು ತಪ್ಪುತ್ತದೆ. ಚೆನ್ನೈಯಿಂದ ಉತ್ತರಕ್ಕೆ 80 ಕಿಲೋಮೀಟರು ದೂರದ ಶ್ರೀಹರಿಕೋಟದಿಂದ 2023ರ ಮೇ 29ರಂದು ಹಾರಿದ ಎನ್‌ವಿಎಸ್-01 ಉಪಗ್ರಹದಲ್ಲಿ ನಮ್ಮ ದೇಶದಲ್ಲೇ ತಯಾರಾದ ರುಬಿಡಿಯಂ ಪರಮಾಣು ಗಡಿಯಾರವಿತ್ತು.

ಪರಮಾಣು ಗಡಿಯಾರ ನಮ್ಮ ಕೈಗೆ ಸಿಗುವಂಥದಲ್ಲ. ಹರಳಿನ ಗಡಿಯಾರ ಸಿಗುತ್ತದೆ, ಅದರಿಂದ ಪ್ರಯೋಗವನ್ನೂ ಮಾಡಬಹುದು. ಒಂದೇ ಬಗೆಯ ಎರಡು ಅಗ್ಗದ ಗಡಿಯಾರ ಕೊಳ್ಳಿ, ಹೊಸ ಬ್ಯಾಟರಿ ಹಾಕಿ, ಮೊಬೈಲಿನ ಹೊತ್ತಿಗೆ ಸೆಕೆಂಡು ತಪ್ಪದಂತೆ ಹೊಂದಿಸಿ. ಮೊದಲ ತಿಂಗಳು ಎರಡನ್ನೂ ಕೋಣೆಯಲ್ಲಿ ಅಕ್ಕಪಕ್ಕದಲ್ಲೇ ಇಟ್ಟು, ಒಂದೊಂದೂ ತಾನಾಗಿ ಎಷ್ಟು ತಪ್ಪುತ್ತದೆಂದು ಬರೆದುಕೊಳ್ಳಿ. ಕಾರ್ಖಾನೆಯಿಂದಲೇ ಬಂದ ಸಣ್ಣ ವ್ಯತ್ಯಾಸ ಪ್ರತಿಯೊಂದಕ್ಕೂ ಇರುತ್ತದೆ. ಎರಡನೇ ತಿಂಗಳು ಒಂದನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಫ್ರಿಜ್ಜಿನೊಳಗಿಡಿ; ಮಂಜುಗಡ್ಡೆಯ ಖಾನೆ ಬೇಡ. ಫ್ರಿಜ್ಜು 5 ಡಿಗ್ರಿಯಲ್ಲಿದ್ದರೆ, ಸದಾ 25 ಡಿಗ್ರಿಯಲ್ಲಿರುವ ಗಡಿಯಾರಕ್ಕಿಂತ ಅದು ತಿಂಗಳಿಗೆ ಸುಮಾರು 35 ಸೆಕೆಂಡು ಹಿಂದೆ ಬೀಳಬೇಕು. ನಿಮ್ಮ ಕೋಣೆ ಬಿಸಿಯಾಗಿದ್ದಷ್ಟೂ ಹೊರಗಿನ ಗಡಿಯಾರವೂ ನಿಧಾನವಾಗಿ ಈ ಅಂತರ ತಗ್ಗುತ್ತದೆ. 2003ರ ಮೇ ಕೊನೆಯಲ್ಲಿ ಚೆನ್ನೈಯ ತಾಪ 45 ಡಿಗ್ರಿ ಮುಟ್ಟಿತ್ತು. 25ರಿಂದ ಅದೂ 20 ಡಿಗ್ರಿ ದೂರ, ಫ್ರಿಜ್ಜಿನ 5 ಕೂಡ 20 ಡಿಗ್ರಿ ದೂರ. ಹರಳಿನ ಲೆಕ್ಕದಲ್ಲಿ ಎರಡೂ ಒಂದೇ.